ಎರಡು ಸಾಲಿನ ದೊಡ್ಡ ಸೊಸೆ

ಅತ್ತೆಯ ಬಾಯಿಂದ ಒಂದು "ಚೆನ್ನಾಗಿದೆ" ಹೊರಡಿಸುವುದು ಸುಲಭದ ಮಾತಾಗಿರಲಿಲ್ಲ. ಜೀವಮಾನವೆಲ್ಲ ಕತ್ತರಿ ಹಿಡಿದವರು. ಕೈ ನಡುಗತೊಡಗಿದ ಮೇಲೆ ಹೊಲಿಗೆ ನಿಲ್ಲಿಸಿದ್ದರು, ಆದರೆ ಕಣ್ಣಿನ ಚುರುಕು ಹೋಗಿರಲಿಲ್ಲ. ಮನೆಗೆ ಯಾರೇ ಬರಲಿ, ಮೊದಲು ಅಂಗಿಯ ಭುಜದ ಹೊಲಿಗೆ ನೋಡುತ್ತಿದ್ದರು, ಆಮೇಲೆ ಮುಖ. ಇಂಥ ಅತ್ತೆ ಬೆಳಗಿನ ಟೀ ಕುಡಿಯುತ್ತ, ಮಡಿಲ ಮೇಲಿನ ಟ್ಯಾಬ್ಲೆಟ್ಟಿನಿಂದ ತಲೆಯೆತ್ತಿ, "ಚಿಕ್ಕವಳು ಕಾಲರ್ ಬಗ್ಗೆ ಬರೆದಿದಾಳೆ. ಚೆನ್ನಾಗಿದೆ" ಎಂದಾಗ ದೊಡ್ಡ ಸೊಸೆ ಕಚ್ಚಿದ ಬ್ರೆಡ್ಡನ್ನು ತಟ್ಟೆಗೆ ಮರಳಿ ಇಟ್ಟಳು.

ಅವಳ ಸಂಕಟಕ್ಕೆ ಕಾರಣವಿತ್ತು. ಈ ಮನೆಗೆ ಮೊದಲು ಬಂದವಳು ಅವಳು. ಕೆಳಗಿನ ಕೋಣೆಯಲ್ಲಿ ಅತ್ತೆಯ ಮಿಷನ್ನಿನ ಪಕ್ಕದಲ್ಲಿ ಕೂತು ಕೆಲಸ ಕಲಿತವಳು ಅವಳು. ಆಮೇಲೆ ಮೈದುನನ ಕೈಹಿಡಿದು ಬಂದ ವಾರಗಿತ್ತಿಗೆ ಬಾಬಿನ್‌ಗೆ ದಾರ ಸುತ್ತುವುದರಿಂದ ಹಿಡಿದು ಎಲ್ಲವನ್ನೂ ಕಲಿಸಿದವಳೂ ಅವಳೇ. ಹೊಲಿಗೆಯ ಬಗ್ಗೆ ಬ್ಲಾಗ್ ಬರೆಯಲು ಮೊದಲು ಶುರುಮಾಡಿದ್ದೂ ಅವಳೇ. ಚಿಕ್ಕವಳು ತಾನೂ ಒಂದು ತೆರೆದಾಗ, "ಬರೀ, ಬರೀ, ಒಳ್ಳೇದಾಯ್ತು" ಎಂದು ನಗುನಗುತ್ತಲೇ ಹೇಳಿದ್ದಳು. ಆ ನಗು ಈಗ ನೆನಪಾದರೆ ತನ್ನ ಮೇಲೆಯೇ ಸಿಟ್ಟು ಬರುತ್ತಿತ್ತು.

ಅತ್ತೆಗೆ ಸೈಟಿನಿಂದ ಸೈಟಿಗೆ ಅಲೆಯುವುದು ಆಗದ ಕೆಲಸ. ಒಮ್ಮೆ ಎಲ್ಲೋ ಏನೋ ಒತ್ತಿ, ಪರದೆ ತುಂಬ ಜಾಹೀರಾತು ಕುಣಿದು, ಟ್ಯಾಬ್ಲೆಟ್ ಹಾಡಲು ಶುರುಮಾಡಿ, ಮನೆಯವರೆಲ್ಲ ಓಡಿಬಂದಿದ್ದರು. ಅಂದಿನಿಂದ ಇನ್ನು ಕಂಡದ್ದನ್ನೆಲ್ಲ ಒತ್ತುವುದಿಲ್ಲವೆಂದು ಅವರು ಶಪಥ ಮಾಡಿದ್ದರು. ಅದಕ್ಕೇ ಚಿಕ್ಕವಳು ಅವರಿಗೊಂದು ಫೀಡ್ ರೀಡರ್ ಹಾಕಿಕೊಟ್ಟಿದ್ದಳು. ಬ್ಲಾಗಿಗೆ ಒಂದು ಫೀಡ್ ಇರುತ್ತದೆ. ಅದರ ವಿಳಾಸವನ್ನು ರೀಡರಿಗೆ ಒಂದು ಸಲ ಕೊಟ್ಟರಾಯಿತು, ಹೊಸದಾಗಿ ಬರೆದದ್ದೆಲ್ಲ ಬೆಳಗಿನ ಹಾಲಿನ ಹಾಗೆ ತಾನಾಗಿ ಬಾಗಿಲಿಗೆ ಬಂದು ಬೀಳುತ್ತದೆ. ಅತ್ತೆ ಬೆರಳಿಂದ ಮೇಲಕ್ಕೆ ತಳ್ಳುತ್ತ ಓದಿದರೆ ಸಾಕು. "ಅಕ್ಕಂದೂ ಸೇರಿಸಿದೀನಿ, ನಂದೂ ಸೇರಿಸಿದೀನಿ" ಎಂದಿದ್ದಳು ಚಿಕ್ಕವಳು.

ಸೇರಿಸಿದ್ದರೆ ತನ್ನ ಬರಹ ಎಲ್ಲಿ ಹೋಗುತ್ತಿದೆ? ಅತ್ತೆ ಚಿಕ್ಕವಳ ಗುಂಡಿಕಾಜಾದ ಬರಹ ಹೊಗಳಿದರು, ಚಿಕ್ಕವಳ ಕಾಲರ್ ಹೊಗಳಿದರು. ದೊಡ್ಡವಳು ನಾಚಿಕೆ ಬಿಟ್ಟು, "ನಂದು ಓದಿದ್ರಾ ಅತ್ತೆ?" ಎಂದು ಕೇಳಿದರೆ, "ಓದಿದೆ ಬಿಡಮ್ಮಾ, ನಿಂಗೆಲ್ಲಿ ಪುರುಸೊತ್ತು" ಎಂದು ಮಾತು ತೇಲಿಸಿಬಿಟ್ಟರು. ಆ ಮಾತು ಎದೆಗೆ ಸೂಜಿಯ ಹಾಗೆ ಚುಚ್ಚಿತು. ಪುರುಸೊತ್ತಿಲ್ಲದೆ ಬರೆದದ್ದೇ ಅದು? ತೋಳು ಕೂರಿಸುವ ಬಗ್ಗೆ ಅವಳು ಬರೆದದ್ದು ಪರದೆ ತಳ್ಳಿ ತಳ್ಳಿ ಬೆರಳು ನೋಯುವಷ್ಟು ಉದ್ದವಿತ್ತು.

"ಅವಳೇ ಏನೋ ಕಿತಾಪತಿ ಮಾಡಿದಾಳೆ" ಎಂದಳು ಗಂಡನ ಹತ್ತಿರ.

"ಅಷ್ಟೊಂದು ಉರೀಬೇಡ ಮಾರಾಯ್ತಿ, ಇಸ್ತ್ರಿಪೆಟ್ಟಿಗೆಗೆ ಕೆಲಸ ಇಲ್ಲದ ಹಾಗಾಗುತ್ತೆ" ಎಂದ ಗಂಡ. ಅವಳು ಮುಖ ಊದಿಸಿಕೊಂಡು ಹೋದಳು.

ಇಷ್ಟಕ್ಕೂ ಚಿಕ್ಕವಳ ಮೇಲೆ ಅವಳಿಗಿದ್ದ ಹಳೆಯ ಅನುಮಾನ ಇನ್ನೊಂದು. ತಾನು ಬರೆದದ್ದು ಕೆಲವೇ ದಿನಗಳಲ್ಲಿ ಅವಳ ಬ್ಲಾಗಿನಲ್ಲಿ ಬೇರೆ ಮಾತಿನಲ್ಲಿ ಕಾಣಿಸಿಕೊಳ್ಳುತ್ತಿತ್ತು. ಕಾಲರಿನ ಒಳಪದರವನ್ನು ಒಂದು ನೂಲಿನಷ್ಟು ಚಿಕ್ಕದಾಗಿ ಕತ್ತರಿಸಬೇಕು, ಆಗಲೇ ಅದು ಅಂದವಾಗಿ ಮಡಚಿ ಕೂರುತ್ತದೆ ಎಂದು ಬರೆದದ್ದು ಯಾರು? ಇವಳು. "ಚೆನ್ನಾಗಿದೆ" ಅನ್ನಿಸಿಕೊಂಡವಳು ಯಾರು? ಅವಳು. ಇದು ಹಗಲುದರೋಡೆಯಲ್ಲದೆ ಇನ್ನೇನು!

ಕದಿಯುವವಳು ಕೂತಲ್ಲೇ ಕದಿಯಬಾರದು, ನನ್ನ ಬಾಗಿಲು ತಟ್ಟಿ ಒಳಗೆ ಬಂದೇ ಕದಿಯಲಿ ಎಂದು ದೊಡ್ಡವಳು ಆಗಲೇ ಒಂದು ಉಪಾಯ ಮಾಡಿದ್ದಳು. ತನ್ನ ಬ್ಲಾಗಿನ ಸೆಟ್ಟಿಂಗ್ಸಿಗೆ ಹೋಗಿ, ಫೀಡಿನಲ್ಲಿ ಪೂರ್ತಿ ಬರಹ ಬೇಡ, ಮೊದಲ ಎರಡು ಸಾಲು ಹೋದರೆ ಸಾಕು ಎಂದು ಮಾಡಿಟ್ಟಳು. ಉಳಿದದ್ದು ಬೇಕಾದವರು "ಮುಂದೆ ಓದಿ" ಎಂಬುದನ್ನು ಒತ್ತಿ ಬ್ಲಾಗಿಗೇ ಬರಬೇಕು. ಹೀಗೆ ಬೇಲಿ ಹಾಕಿಕೊಂಡ ಮೇಲೆ ಒಳಗೆ ಧೈರ್ಯವಾಗಿ ನಾಲಿಗೆ ಹರಿಬಿಟ್ಟಳು. "ತೋಳನ್ನು ಕಂಕುಳಿನ ಅಳತೆಗೆ ಸರಿಸಮ ಕತ್ತರಿಸುವ ಕೆಲವು ಜಾಣೆಯರಿದ್ದಾರೆ. ಅವರು ಹೊಲಿದ ಅಂಗಿ ತೊಟ್ಟವರು ಕೈಯೆತ್ತಿ ಬಸ್ಸು ನಿಲ್ಲಿಸಲಾರರು" ಎಂದು ಬರೆದಳು. "ನಿನ್ನೆ ಕತ್ತರಿ ಹಿಡಿದವರು ಇಂದು ಪಾಠ ಹೇಳುತ್ತಿದ್ದಾರೆ" ಎಂದೂ ಬರೆದಳು. ಬರೆದ ದಿನ ಹೊಟ್ಟೆ ತಣ್ಣಗಾಗುತ್ತಿತ್ತು, ಮಾರನೆಯ ದಿನ ಮತ್ತೆ ಉರಿ.

ಒಂದು ಮಧ್ಯಾಹ್ನ ತಡೆಯಲಾಗದೆ, ಅತ್ತೆ ಸ್ನಾನಕ್ಕೆ ಹೋದ ಹೊತ್ತಿನಲ್ಲಿ, ಟ್ಯಾಬ್ಲೆಟ್ ಕೈಗೆತ್ತಿಕೊಂಡಳು. ಇವತ್ತು ಕಳ್ಳಿಯನ್ನು ಹಿಡಿದೇಬಿಡುತ್ತೇನೆ ಎಂದುಕೊಂಡಳು. ರೀಡರ್ ತೆರೆದರೆ ಮೊದಲಿಗೆ ಕಂಡದ್ದು ತನ್ನದೇ ಬ್ಲಾಗಿನ ಹೆಸರು, ಚಿಕ್ಕವಳ ಹೆಸರಿಗಿಂತ ಮೇಲೆ. ಕೆಳಗೆ ತನ್ನ ಬರಹಗಳು ಸಾಲಾಗಿ ನಿಂತಿದ್ದವು, ಒಂದೂ ತಪ್ಪಿರಲಿಲ್ಲ. "ತೋಳು ಕೂರಿಸುವುದು ಎಂದರೆ ಎಲ್ಲರಿಗೂ ಭಯ. ಆದರೆ ಅದರಲ್ಲಿ ಭಯಪಡುವಂಥದ್ದು" ಎಂದು ಶುರುವಾಗಿ ಅಲ್ಲಿಗೇ ತುಂಡಾಗಿತ್ತು. ಮುಂದಿನದು, "ಕಾಲರ್ ಮುದುಡುತ್ತದೆಯೇ? ಹಾಗಾದರೆ ನೀವು" ಎಂದು ನಿಂತುಬಿಟ್ಟಿತ್ತು. ಎಲ್ಲವೂ ಹೀಗೆಯೇ, ಎರಡೆರಡು ಸಾಲು. ತುದಿಯಲ್ಲಿದ್ದ "ಮುಂದೆ ಓದಿ" ಎಂಬುದನ್ನು ಅತ್ತೆ ಸತ್ತರೂ ಒತ್ತುವವರಲ್ಲ.

ಚಿಕ್ಕವಳಿಗೆ ಹಾಕಿದ ಬೇಲಿಗೆ ಸಿಕ್ಕಿಕೊಂಡದ್ದು ಅತ್ತೆ. ತನ್ನ ಕಾಲ ಮೇಲೆ ತಾನೇ ಕಲ್ಲು ಎತ್ತಿಹಾಕಿಕೊಂಡು, ಇಷ್ಟು ದಿನ ಪಕ್ಕದವಳನ್ನು ಬೈದದ್ದಾಯಿತು.

ತಡಮಾಡಲಿಲ್ಲ. ತನ್ನ ಕೋಣೆಗೆ ಓಡಿ ಫೀಡಿಗೆ "ಪೂರ್ತಿ ಬರಹ" ಎಂದು ಮಾಡಿದಳು. ಅತ್ತೆಯ ರೀಡರಿನಲ್ಲಿ ತನ್ನ ಫೀಡನ್ನು ಒಮ್ಮೆ ತೆಗೆದು ಮತ್ತೆ ಸೇರಿಸಿದಳು. ಬರಹಗಳೆಲ್ಲ ತಲೆಯಿಂದ ಕಾಲಿನವರೆಗೆ ತುಂಬಿಕೊಂಡು ಬಂದವು. ಸ್ನಾನ ಮುಗಿಸಿ ಬಂದ ಅತ್ತೆಗೆ, "ಏನೋ ಕೆಟ್ಟಿತ್ತು ಅತ್ತೆ, ಸರಿಮಾಡಿದೀನಿ. ಈಗ ನಂದು ಓದಿ" ಎಂದು ತಾನೇ ಕನ್ನಡಕ ತಂದುಕೊಟ್ಟಳು. ಕೆಳಗೆ ಹೋಗಿ ಹಾಡಿಕೊಳ್ಳುತ್ತ ಕೋಟಿನ ಲೈನಿಂಗಿಗೆ ಇಸ್ತ್ರಿ ಹಾಕತೊಡಗಿದಳು. ತೋಳಿನ ಬರಹಕ್ಕೆ ಅತ್ತೆ ಏನನ್ನಬಹುದು? ಆ ಬಸ್ಸಿನ ಮಾತಿಗಂತೂ ನಕ್ಕೇ ನಗುತ್ತಾರೆ ಎಂದುಕೊಂಡಳು.

ಬಸ್ಸಿನ ಮಾತು!

ಇಸ್ತ್ರಿಪೆಟ್ಟಿಗೆ ಎತ್ತಿಟ್ಟು ಮೆಟ್ಟಿಲು ಹಾರಿಹಾರಿ ಹತ್ತಿದಳು. ಅತ್ತೆ ಕಿಟಕಿಯ ಬಳಿ ಕೂತು, ಬೆರಳಿಂದ ನಿಧಾನವಾಗಿ ತಳ್ಳುತ್ತ ಓದುತ್ತಿದ್ದರು. ಕಿತ್ತುಕೊಳ್ಳುವ ಹಾಗಿಲ್ಲ, ಓದಬೇಡಿ ಎನ್ನುವ ಹಾಗಿಲ್ಲ. ಕೈ ಕೈ ಹಿಸುಕಿಕೊಳ್ಳುತ್ತ ಬಾಗಿಲಲ್ಲಿ ನಿಂತು, ಬಂದ ದಾರಿಯಲ್ಲೇ ಇಳಿದುಹೋದಳು.

ಸಂಜೆಯ ಟೀಗೆ ಅತ್ತೆ ಇಬ್ಬರನ್ನೂ ಕರೆದರು.

"ತೋಳಿನ ವಿಷಯ ಎಷ್ಟು ಚೆನ್ನಾಗಿ ಬರೆದಿದೀಯಮ್ಮಾ!" ಎಂದರು ದೊಡ್ಡವಳಿಗೆ. "ನಿಂಗೆ ಪುರುಸೊತ್ತಿಲ್ಲ, ಅದಕ್ಕೇ ಎರಡೇ ಸಾಲು ಗೀಚಿ ಬಿಡ್ತೀಯ ಅಂದ್ಕೊಂಡಿದ್ದೆ. ಕೇಳಿದ್ರೆ ನೊಂದ್ಕೋತೀಯ ಅಂತ ಸುಮ್ಮನಿದ್ದೆ. ನಾನು ಕೂಡ ಇಷ್ಟು ಬಿಡಿಸಿ ಹೇಳಿಕೊಡ್ತಿರಲಿಲ್ಲ."

ಎಷ್ಟು ದಿನದಿಂದ ಕಾದಿದ್ದ ಮಾತು! ಆದರೆ ಅದನ್ನು ಕೇಳಿ ಹಿಗ್ಗಲು ಅವಳಿಂದಾಗಲಿಲ್ಲ, ಅತ್ತೆಯ ಹುಬ್ಬು ಇನ್ನೂ ಗಂಟಿಕ್ಕಿಯೇ ಇತ್ತು.

"ಅದ್ಸರಿ, ಪ್ರತಿಯೊಂದರ ಕೊನೆಗೂ ಯಾರನ್ನೋ ಬೈದಿದೀಯಲ್ಲ, ಯಾರದು?"

ದೊಡ್ಡವಳು ಬಾಯಿ ತೆರೆಯುವಷ್ಟರಲ್ಲಿ ಚಿಕ್ಕವಳು ಲೋಟಕ್ಕೆ ಟೀ ಬಗ್ಗಿಸುತ್ತಲೇ, "ಮಾರ್ಕೆಟ್ ರಸ್ತೆಯ ಟೈಲರಮ್ಮ ಅತ್ತೆ. ಅಕ್ಕ ನಂಗೆ ಆವತ್ತೇ ಹೇಳಿದ್ರು" ಎಂದಳು.

ದೊಡ್ಡವಳು ಅವಳ ಮುಖ ನೋಡಿದಳು. ಇವಳಿಗೆ ಎಲ್ಲ ಗೊತ್ತು! ಎಲ್ಲ ಗೊತ್ತಿದ್ದೂ ತನ್ನನ್ನು ಉಳಿಸುತ್ತಿದ್ದಾಳೆ. ಬೇರೆ ಯಾರಾದರೂ ಆಗಿದ್ದರೆ ಕೃತಜ್ಞತೆಯಿಂದ ಕರಗಿಹೋಗುತ್ತಿದ್ದರೋ ಏನೋ. ಇವಳಿಗೆ ಮಾತ್ರ ಅಂಗಾಲಿನಿಂದ ನೆತ್ತಿಯವರೆಗೆ ಉರಿ ಹತ್ತಿತು. ಕಾಲರಿನಲ್ಲಿ ಮುಂದೆ ಹೋದದ್ದು ಸಾಲದೆ, ಈಗ ಒಳ್ಳೆಯತನದಲ್ಲೂ ಇವಳೇ ಮುಂದೆ! ಇವಳ ಉಪಕಾರ ಹೊತ್ತುಕೊಂಡು ಈ ಮನೆಯಲ್ಲಿ ಓಡಾಡುವುದಕ್ಕಿಂತ ಅತ್ತೆಯ ಕೈಲಿ ಬೈಸಿಕೊಳ್ಳುವುದೇ ವಾಸಿ ಎನಿಸಿತು.

"ಯಾವ ಟೈಲರಮ್ಮನೂ ಅಲ್ಲ. ಇವಳನ್ನೇ ಅಂದದ್ದು" ಎಂದುಬಿಟ್ಟಳು. "ಹೊಟ್ಟೆಕಿಚ್ಚಿಗೆ ಅಂದೆ. ನಾನು ಬರೆದದ್ದನ್ನೆಲ್ಲ ಇವಳು ಎತ್ಕೊಂಡು ಬರೀತಾಳೆ, ನೀವು ಇವಳನ್ನೇ ಹೊಗಳ್ತೀರಿ."

ಚಿಕ್ಕವಳು ಲೋಟ ಕೆಳಗಿಟ್ಟಳು. ಅವಳ ಮುಖ ಮೊದಲ ಸಲ ಬಾಡಿದ್ದು ಕಂಡಿತು.

"ಎತ್ಕೊಂಡದ್ದು ನಿಜ ಅಕ್ಕ. ನೀವು ಬೈದದ್ದನ್ನ ಒಂದೂ ಬಿಡದೆ ಓದಿದೀನಿ. ಮೊದಮೊದಲು ಓದಿ ಅಳು ಬರ್ತಿತ್ತು. ಆಮೇಲೆ ನೋಡಿದ್ರೆ ನೀವು ಹೇಳಿದ ತಪ್ಪು ತಪ್ಪೇ. ಬಿಚ್ಚಿ, ಮತ್ತೆ ಹೊಲಿದು, ಸರಿಯಾದದ್ದನ್ನ ಬರೆದೆ."

"ನನ್ನಿಂದ ಕಲಿತದ್ದು ಅಂತ ಒಂದು ಸಾಲು ಹಾಕಬಹುದಿತ್ತಲ್ಲ?"

"ಹಾಕಿ ನಿಮ್ಮ ಬರಹಕ್ಕೆ ಲಿಂಕ್ ಕೊಟ್ಟಿದ್ರೆ, ಒತ್ತಿದವರಿಗೆಲ್ಲ ಅಲ್ಲಿ ನನ್ನ ಬೈದದ್ದು ಕಾಣ್ತಿತ್ತು. ಅದನ್ನ ಊರಿಗೆಲ್ಲ ನಾನೇ ಹೇಗೆ ತೋರಿಸ್ಲಿ ಅಕ್ಕ?"

ದೊಡ್ಡವಳು ಇಷ್ಟು ದಿನ ಸುರಿದ ವಿಷವನ್ನೆಲ್ಲ ಈ ಹುಡುಗಿ ಗಿಡಕ್ಕೆ ನೀರು ಹಾಕಿದ ಹಾಗೆ ಹಾಕಿಕೊಂಡಿದ್ದಳು. ಅತ್ತೆ ಹೊಗಳಿದ ಆ ಕಾಲರ್ ಬೆಳೆದದ್ದೂ ಅದರಿಂದಲೇ. ನಾಚಿಕೆಯಾಯಿತು, ಅಯ್ಯೋ ಎನಿಸಿತು. ಹಾಳು ಹೊಟ್ಟೆಕಿಚ್ಚು ಮಾತ್ರ ಅಷ್ಟು ಸುಲಭಕ್ಕೆ ಆರಲಿಲ್ಲ.

"ನಿನ್ನೆ ಹಾಕಿದ ಜೇಬಿನ ಬರಹದಲ್ಲೂ ಒಂದು ತಪ್ಪಿದೆ" ಎಂದಳು ಕೊನೆಗೆ.

ಚಿಕ್ಕವಳು ಕುರ್ಚಿ ಹತ್ತಿರಕ್ಕೆ ಎಳೆದುಕೊಂಡಳು. "ಎಲ್ಲಿ?"

"ಜೇಬಿನ ಬಾಯಿಯ ಎರಡೂ ಮೂಲೆಗೆ ಒಳಗಡೆಯಿಂದ ಒಂದೊಂದು ತುಂಡು ಬಟ್ಟೆ ಕೊಟ್ಟು ಮರುಹೊಲಿಗೆ ಹಾಕಬೇಕು. ಇಲ್ಲದಿದ್ರೆ ಕೈ ಹಾಕಿ ಹಾಕಿ ಹರಿದುಹೋಗುತ್ತೆ."

ಒಂದು ಬೈಗುಳವೂ ಇಲ್ಲದೆ ಹೇಳಿದಳು. ಆದರೆ ಚಿಕ್ಕವಳು ಪಕ್ಕದಲ್ಲೇ ಕೂತಿದ್ದರೂ, ಕಿಟಕಿಯ ಬಳಿಯಿದ್ದ ಅತ್ತೆಗೆ ಒಂದಕ್ಷರವೂ ತಪ್ಪದಷ್ಟು ಗಟ್ಟಿಯಾಗಿ ಹೇಳಿದಳು.