ಚೆಲುವಾಜಮ್ಮ ಇಳಿದ ಕಾಲ್ಮಣೆ

ನಾನು ಒಂದು ಕಾಲ್ಮಣೆ. ಒಂಬತ್ತು ಅಂಗುಲ ಎತ್ತರ, ಹಲಸಿನ ಮೈ, ನಾಲ್ಕು ಮೋಟು ಕಾಲು. ಮೂಕಿಚಿತ್ರಗಳ ಕಾಲದಲ್ಲಿ ಬೆಂಗಳೂರಿನ ಒಂದು ಚಿತ್ರ ಕಂಪನಿಯ ಅಂಗಳದಲ್ಲಿ, ಬಡಗಿ ಕಾಳಾಚಾರಿ ಮುರಿದ ಸಿಂಹಾಸನದ ಹಲಗೆಯಿಂದ ನನ್ನನ್ನು ಮಾಡಿದ. ಅಳತೆ ಕೊಟ್ಟವರು ನಿರ್ದೇಶಕ ಅನಂತಯ್ಯನವರು. ನಾಯಕ ಗುರುನಾಥರಾಯರು ಗರಡಿಯಲ್ಲಿ ಬೆಳೆದ ಆರಡಿ ಆಳು. ನಾಟಕ ಕಂಪನಿಯಿಂದ ಬಂದ ನಾಯಕಿ ಚೆಲುವಾಜಮ್ಮನವರ ತಲೆ ಅವರ ಭುಜಕ್ಕೂ ಎಟುಕುತ್ತಿರಲಿಲ್ಲ. ಆ ಅಂತರವನ್ನು ತುಂಬುವುದೇ ನನ್ನ ಉದ್ಯೋಗ.

ಏಳು ಚಿತ್ರಗಳಲ್ಲಿ ಆಕೆ ನನ್ನ ಮೇಲೆ ನಿಂತು ಅತ್ತರು, ನಕ್ಕರು, ಶಪಿಸಿದರು. ಮುಖದಲ್ಲಿ ಶಾಂತಿಯನ್ನು ತೋರುವಾಗಲೂ ಅವರ ಕಾಲ್ಬೆರಳುಗಳು ನನ್ನನ್ನು ಬಿಗಿಯಾಗಿ ಕಚ್ಚಿ ಹಿಡಿದಿರುತ್ತಿದ್ದವು. ಅದನ್ನು ಬಲ್ಲವನು ನಾನೊಬ್ಬನೇ. ನಡೆಯುವ ದೃಶ್ಯ ಬಂದರೆ ಮಾತ್ರ ಎತ್ತರದ ಸ್ತ್ರೀಪಾತ್ರಧಾರಿ ಶೇಷಪ್ಪ ಅದೇ ಸೀರೆಯುಟ್ಟು, ಕ್ಯಾಮೆರಾಕ್ಕೆ ಬೆನ್ನು ತೋರಿಸಿ ನಡೆಯುತ್ತಿದ್ದ.

ಎಂಟನೆಯ ಚಿತ್ರದಲ್ಲಿ, ಮರಣದಂಡನೆಗೆ ಗುರಿಯಾದ ಮಗನಿಗಾಗಿ ರಾಣಿಯು ರಾಜನ ಬಳಿಗೆ ನಡೆದು ಹೋಗಬೇಕಿತ್ತು.

"ಸ್ವಾಮಿ, ಮಗನ್ನ ಉಳಿಸಿಕೊಳ್ಳೋ ತಾಯಿ ನಾನು. ಹೋಗೋದು ಶೇಷಪ್ಪನ ಬೆನ್ನೇ?" ಎಂದು ಚೆಲುವಾಜಮ್ಮನವರು ಕೇಳಿದರು.

"ಬೆನ್ನಿಗೇನಕ್ಕಾ ಕಡಿಮೆ? ಮೀಸೆ ಇರೋದು ಆ ಕಡೆಗೆ!" ಎಂದ ಶೇಷಪ್ಪ.

ಅನಂತಯ್ಯನವರು ನಗಲಿಲ್ಲ. "ಕೆಳಗಿಳಿದ್ರೆ ರಾಜನ ಮುಂದೆ ನೀವು ಕಾಣ್ತೀರೇನಮ್ಮ? ಒಪ್ಪಿಗೆ ಇಲ್ದಿದ್ರೆ ಹೇಳಿಬಿಡಿ, ಮುಂದಿನ ಚಿತ್ರಕ್ಕೆ ಎತ್ತರದೋರು ಸಿಗ್ತಾರೆ."

ಆಕೆ ನನ್ನನ್ನು ಏರಿದರು. ಇಡೀ ಆಸ್ಥಾನ ಕಾಣಬೇಕೆಂದು ಅಂದು ಕ್ಯಾಮೆರಾ ದೂರದಲ್ಲಿತ್ತು. ಸೀರೆಯ ನೆರಿಗೆಗಳನ್ನು ಇಳಿಬಿಟ್ಟು ನನ್ನನ್ನು ಮುಚ್ಚಿದ್ದರು. ಕ್ಯಾಮೆರಾದ ದೊರೆಸ್ವಾಮಿಗೆ ಒಂದು ಅಭ್ಯಾಸವಿತ್ತು. ರೀಲು ಓಡಿಸುವ ಕೈಹಿಡಿಯನ್ನು ಒಂದೇ ಲಯದಲ್ಲಿ ತಿರುಗಿಸಲು ಆತ ಭಜನೆಯೊಂದನ್ನು ಗುನುಗುತ್ತಿದ್ದ. ಚರಣ ಮುಗಿಯದೆ ಅವನ ಕೈ ನಿಲ್ಲುತ್ತಿರಲಿಲ್ಲ.

ಭಜನೆ ಆರಂಭವಾಯಿತು. ಕಾಲ್ಬೆರಳುಗಳು ಒಮ್ಮೆ ನನ್ನನ್ನು ಒತ್ತಿ, ಸಡಿಲಗೊಂಡವು. ಚೆಲುವಾಜಮ್ಮನವರು ಇಳಿದರು. ಎಂಟು ಹೆಜ್ಜೆ ನಡೆದು, ರಾಜನ ಎದುರು ನಿಂತು, ಮುಖವೆತ್ತಿದರು. ಇದನ್ನು ನಿರೀಕ್ಷಿಸದಿದ್ದ ಗುರುನಾಥರಾಯರು ಗಾಬರಿಯಿಂದ ತಲೆ ಬಾಗಿಸಿ ಆಕೆಯನ್ನು ಹುಡುಕಿದರು.

"ನಿಲ್ಸಯ್ಯ! ಮಣೆ ಕಾಣ್ತಿದೆ!" ಎಂದು ಅನಂತಯ್ಯನವರು ಕೂಗಿದರು. ದೊರೆಸ್ವಾಮಿ ಚರಣ ಮುಗಿಸಿಯೇ ನಿಲ್ಲಿಸಿದ.

ಮರುವಾರ ಆ ತುಣುಕನ್ನು ಪರದೆಯ ಮೇಲೆ ನೋಡಿದರು. ಇಷ್ಟೆತ್ತರದ ರಾಜ ಅಷ್ಟು ಪುಟ್ಟ ತಾಯಿಯ ಮುಂದೆ ತಲೆ ತಗ್ಗಿಸಿದ್ದ. ಅನಂತಯ್ಯನವರು ಅದನ್ನು ಇನ್ನೊಮ್ಮೆ ಹಾಕಿಸಿ ನೋಡಿ, "ಶೇಷಪ್ಪ, ಸೀರೆ ಮಡಿಚಿಡು" ಎಂದರು.

ದೃಶ್ಯವನ್ನು ನಾನಿಲ್ಲದೆ ಮತ್ತೊಮ್ಮೆ ತೆಗೆದರು. ಕೆಟ್ಟ ತುಣುಕನ್ನು ಚೆಲುವಾಜಮ್ಮನವರು ಕೇಳಿ ಪಡೆದು ಒಂದು ತಗಡಿನ ಡಬ್ಬಿಯಲ್ಲಿಟ್ಟರು. ನನ್ನನ್ನೂ ಕಂಕುಳಲ್ಲಿ ಇರುಕಿಕೊಂಡು ಮನೆಗೆ ಒಯ್ದರು. ಮುಂದಿನ ಐದು ಚಿತ್ರಗಳಲ್ಲಿ ಅವರು ನೆಲದ ಮೇಲೆಯೇ ನಿಂತರು.

ಆಮೇಲೆ ಮಾತಿನ ಚಿತ್ರಗಳು ಬಂದವು, ಕಂಪನಿ ಮುಚ್ಚಿತು. ಹಳೆಯ ರೀಲುಗಳನ್ನು, ಅವುಗಳ ಲೇಪದಿಂದ ಬೆಳ್ಳಿ ತೆಗೆಯುವವರು ಕೊಂಡು ಕರಗಿಸಿದರು. ಹದಿಮೂರು ಚಿತ್ರಗಳಲ್ಲಿ ಒಂದೂ ಉಳಿಯಲಿಲ್ಲ.

ಈಗ ನಾನು ಶ್ರೀರಾಂಪುರದ ಮನೆಯೊಂದರ ಅಡುಗೆಮನೆಯ ಮೂಲೆಯಲ್ಲಿದ್ದೇನೆ. ಎಪ್ಪತ್ತೈದರ ಚೆಲುವಾಜಮ್ಮನವರು ನನ್ನ ಮೇಲೆ ಕುಳಿತು ಸೊಪ್ಪು ಬಿಡಿಸುತ್ತಾರೆ. ಕಳೆದ ತಿಂಗಳು ಒಂದು ಬೆಳಿಗ್ಗೆ, ಹಳೆಯ ಚಿತ್ರಗಳ ಇತಿಹಾಸ ಬರೆಯುತ್ತಿದ್ದ ಒಬ್ಬರು ಗುರುನಾಥರಾಯರ ವಿಷಯ ಕೇಳಿಕೊಂಡು ಬಂದಿದ್ದರು. ಅವರ ನಟನಟಿಯರ ಪಟ್ಟಿಯಲ್ಲಿ ಗುರುನಾಥರಾಯರಿದ್ದರು; ಚೆಲುವಾಜಮ್ಮನವರಿರಲಿಲ್ಲ.

"ತಪ್ಪು ತಿಳ್ಕೋಬೇಡಿ ಅಮ್ಮ, ಸಾಕ್ಷಿ ಇಲ್ದೆ ಯಾರ ಹೆಸರೂ ಸೇರಿಸೋದಿಲ್ಲ" ಎಂದರು ಅವರು.

ಚೆಲುವಾಜಮ್ಮನವರು ನನ್ನ ಮೇಲಿಂದ ಎದ್ದು, ಡಬ್ಬಿ ತಂದು, "ಕಿಟಕಿ ಹತ್ತಿರ ಬನ್ನಿ" ಎಂದರು.

ಆತ ತುಣುಕನ್ನು ಬೆಳಕಿಗೆ ಹಿಡಿದು, ಭೂತಗನ್ನಡಿಯಲ್ಲಿ ಬಹಳ ಹೊತ್ತು ನೋಡಿದರು. "ರಾಣಿ ನೀವೇ... ಆದ್ರೆ ಹಿಂದೆ ಬಿದ್ದಿರೋ ಈ ಮಣೆ ಏನಮ್ಮ?"

ದೋಷವಿಲ್ಲದ ರೀಲುಗಳೆಲ್ಲ ಕರಗಿದ್ದವು. ನಾನು ಕಂಡೆನೆಂಬ ಕಾರಣಕ್ಕೆ ಬೇಡವಾದ ತುಣುಕು ಮಾತ್ರ ಉಳಿದಿತ್ತು. ಎಂದೂ ಕಾಣಬಾರದೆಂದೇ ಹುಟ್ಟಿದ ನನಗೆ ಇನ್ನೇನು ಬೇಕು?

ಚೆಲುವಾಜಮ್ಮನವರು ಕಾಲಿನಿಂದ ನನ್ನನ್ನು ಅವರತ್ತ ಸರಿಸಿದರು.

"ಇದೇ. ಕೂತ್ಕೊಳ್ಳಿ, ಕೂತು ಬರ್ಕೊಳ್ಳಿ."

ಆತ ಕುಳಿತು ಲೇಖನಿ ತೆಗೆದರು. ಚೆಲುವಾಜಮ್ಮನವರು ಎದುರಿಗೆ ನಿಂತು, ತಮ್ಮ ಹೆಸರನ್ನು ನಿಧಾನವಾಗಿ ಹೇಳಿದರು.