ನನ್ನ ಹೆಸರಿನ ಹುಳ

ಒಂದು ಹುಳಕ್ಕೆ ನನ್ನ ಹೆಸರಿಡುತ್ತಾರೆ ಎಂದು ಗೊತ್ತಾದ ದಿನ ನನ್ನ ಕಾಲು ನೆಲದ ಮೇಲಿರಲಿಲ್ಲ. ಅತ್ತೆಯಂತೂ ಅಂದೇ ಮೂರು ಬೀದಿಗೆ ಡಂಗುರ ಸಾರಿಬಿಟ್ಟರು.

ನನ್ನ ಕೆಲಸ ಜಂಬ ಕೊಚ್ಚಿಕೊಳ್ಳುವಂಥದ್ದಲ್ಲ. ಕಡಲತಳದ ಕೆಸರು ಬಕೆಟ್ಟುಗಳಲ್ಲಿ ಬರುತ್ತದೆ. ಜರಡಿ ಹಿಡಿದು, ಚಿಮಟದಲ್ಲಿ ಹುಳ ಆರಿಸಬೇಕು. ಹದಿನೆಂಟು ವರ್ಷ ಇದನ್ನೇ ಮಾಡಿ ಪ್ರಯೋಗಾಲಯದಲ್ಲಿ ನನಗೆ ಚಿಮಟಕ್ಕ ಎಂದೇ ಹೆಸರು ಬಿದ್ದಿದೆ. ಇವು ಎರೆಹುಳದ ನೆಂಟರೇ, ಆದರೆ ಅದರಂತೆ ಬೋಳು ಬೋಳಲ್ಲ. ಮೈಯ ಉಂಗುರಕ್ಕೊಂದು ಜೊತೆ ಮೆತ್ತನೆ ಕಾಲು, ಕಾಲಿಗೊಂದು ಕಟ್ಟು ಬಿರುಗೂದಲು. ಆ ಕೂದಲಿನ ಆಕಾರ ನೋಡಿ ಜಾತಿ ಹೇಳುವವರು ಮೇಷ್ಟ್ರು, ನಮ್ಮ ವಿಜ್ಞಾನಿ. ಅವರ ಲೆಕ್ಕದಲ್ಲಿ ಹುಳಗಳು ಎರಡು ಬಗೆ: ಕೊಳವೆ ಕಟ್ಟಿಕೊಂಡು ಹೊಸಿಲು ದಾಟದವು, ಊರೆಲ್ಲ ಅಲೆಯುವವು. ಅವರ ಪಾಂಡಿತ್ಯವೆಲ್ಲ ಹೊಸಿಲು ದಾಟದವುಗಳದ್ದು. ಎಡವಟ್ಟಾಗಿದ್ದು ಅಲ್ಲೇ.

ಹೋದ ತಿಂಗಳು ಈಜುವ ಹುಳವೊಂದು ನನ್ನ ಬಲೆಗೆ ಬಿತ್ತು. ದಪ್ಪ ದಪ್ಪ ಕಣ್ಣು, ಮೈಯ ಹಿಂಭಾಗದ ಕೂದಲು ದೋಣಿಯ ಹುಟ್ಟಿನಂತೆ ಅಗಲ. ಮೇಷ್ಟ್ರ ಯಾವ ಪುಸ್ತಕದಲ್ಲೂ ಅದು ಸಿಗಲಿಲ್ಲ.

“ಹೊಸ ಜಾತಿ, ಚಿಮಟಕ್ಕ! ಹಿಡಿದವರು ನೀವು, ನಿಮ್ಮ ಹೆಸರೇ ಇಡೋಣ. ಸೋಮವಾರ ಲೇಖನ ಕಳಿಸ್ತೀನಿ.”

ಶುಕ್ರವಾರ ಬೆಳಿಗ್ಗೆ ಕಿಟಕಿಯಲ್ಲಿದ್ದ ಗಾಜಿನ ಭರಣಿ ನೋಡಿದೆ. ಪ್ರತಿ ಬಕೆಟ್ಟಿನಲ್ಲೂ ಸಿಗುವ ಮಾಮೂಲಿ ಕಂದು ಹುಳ ನಾಲ್ಕನ್ನು ಅದರಲ್ಲಿ ಸಾಕಿದ್ದೆ. ಈಗ ಮೂರೇ ಕಂದು. ನಾಲ್ಕನೆಯದು ಥೇಟ್ ನನ್ನ ಹೆಸರಿನ ಹುಳ! ಭರಣಿಯ ಬಾಯಿಗೆ ಬಟ್ಟೆ ಕಟ್ಟಿದ್ದು ನಾನೇ, ಗಂಟೂ ನನ್ನದೇ; ಹೊರಗಿನಿಂದ ಯಾವುದೂ ಒಳಗೆ ಬಂದಿರಲಾರದು. ಉಳಿದ ಮೂರರಲ್ಲಿ ಒಂದನ್ನು ಸೂಕ್ಷ್ಮದರ್ಶಕದ ಕೆಳಗಿಟ್ಟೆ. ಅದು ಅರ್ಧ ದಾರಿಯಲ್ಲಿತ್ತು: ಕಣ್ಣು ಊದಿಕೊಂಡಿತ್ತು, ಹಳೇ ಕೂದಲ ಸಂದಿಯಲ್ಲಿ ಹೊಸ ಅಗಲ ಕೂದಲು ಇಣುಕುತ್ತಿತ್ತು. ಹೊಸ ಜಾತಿಯೂ ಇಲ್ಲ, ಗೀತಿಯೂ ಇಲ್ಲ. ನಮ್ಮ ಮಾಮೂಲಿ ಹುಳವೇ ಜೋಡಿ ಹುಡುಕಲು ಸಿಂಗರಿಸಿಕೊಂಡು ಹೊರಟಿತ್ತು.

ಸುಮ್ಮನಿದ್ದರೆ ನನ್ನ ಹೆಸರು ಪುಸ್ತಕ ಸೇರುತ್ತದೆ. ಭರಣಿ ಸುರಿದುಬಿಟ್ಟರೆ ಕೇಳುವವರಿಲ್ಲ. ಸುಳ್ಳೇಕೆ, ಅದನ್ನೆತ್ತಿಕೊಂಡು ತೊಟ್ಟಿಯವರೆಗೂ ಹೋದೆ. ಅಷ್ಟರಲ್ಲಿ ಆ ಹಾಳು ಹುಳ ಎಂಥ ಸಡಗರದಿಂದ ಗಿರಗಿರ ಸುತ್ತಿತೆಂದರೆ ನನಗೆ ನಗು ತಡೆಯಲಾಗಲಿಲ್ಲ. ಮದುವೆ ಮನೆ ಕೆಡಿಸುವ ಪಾಪ ನನಗ್ಯಾಕೆ? ಭರಣಿಯನ್ನು ಮೇಷ್ಟ್ರ ಮೇಜಿನ ಮೇಲಿಟ್ಟು ಎಲ್ಲ ಹೇಳಿದೆ.

ಅರ್ಧ ಗಂಟೆ ಅವರು ಸೂಕ್ಷ್ಮದರ್ಶಕಕ್ಕೆ ಕಣ್ಣು ಹಚ್ಚಿ ನೋಡಿದರು. ಆಮೇಲೆ ಕುರ್ಚಿಯಿಂದ ಜಿಗಿದೆದ್ದರು.

“ನನ್ನ ಮಾನ ಉಳಿಸಿದ್ರಿ! ಈ ಹುಳ ಹೀಗೆ ವೇಷ ಬದಲಾಯಿಸೋದನ್ನ ಇದುವರೆಗೂ ಯಾರೂ ಬರೆದಿಲ್ಲ ಕಣ್ರೀ. ಲೇಖನ ಹೊಸದಾಗಿ ಬರೆಯೋಣ, ಇಬ್ಬರೂ ಸೇರಿ. ಮೊದಲ ಹೆಸರು ನಿಮ್ಮದು.”

ನನಗೆ ಖುಷಿಯೋ ಖುಷಿ. ಆದರೆ ಮನೆಗೆ ಹೋದವಳೇ ಅತ್ತೆಗೆ ಕೆಟ್ಟ ಸುದ್ದಿಯನ್ನೇ ಮೊದಲು ಹೇಳಿದೆ.

“ಅತ್ತೆ, ಅದು ಹಳೇ ಹುಳವೇ ಅಂತೆ. ಮದುವೆ ಸಿಂಗಾರ ನೋಡಿ ಮೇಷ್ಟ್ರು ಬೇರೆ ಅಂದ್ಕೊಂಡ್ಬಿಟ್ರು. ನನ್ನ ಹೆಸರಿಡಲ್ಲ.”

“ಅಯ್ಯೋ, ಅವರದ್ದೇನು ತಪ್ಪು? ನಿನ್ನ ಮದುವೆ ಫೋಟೋ ನೋಡಿ ಇವಳ್ಯಾರು ಅಂತ ನಾನೂ ಕೇಳಿದ್ನಲ್ಲ!”

ನಕ್ಕು ನಕ್ಕು ನನ್ನ ಕಣ್ಣಲ್ಲಿ ನೀರು ಬಂತು. ಲೇಖನದ ವಿಷಯ ಆಮೇಲೆ ಹೇಳಿದೆ. ಅತ್ತೆ ಪೂರ್ತಿ ಕೇಳಿಸಿಕೊಂಡು, ಎದ್ದು ಚಪ್ಪಲಿ ಮೆಟ್ಟಿದರು.

“ಈಗೆಲ್ಲಿಗೆ ಅತ್ತೆ?”

“ಮೂರು ಬೀದಿಗೂ ಮತ್ತೆ ಹೇಳ್ಬೇಡ್ವಾ? ನನ್ನ ಸೊಸೆ ಹುಳ ಅಲ್ಲ, ಹುಳದ ಗುಟ್ಟು ಹಿಡಿದವಳು ಅಂತ!”