ಒಂದೇ ಏಟಿನ ಗಂಟೆ

ನಾನು ಒಂದು ರೈಲು ಹಳಿಯ ತುಂಡು. ಬೆಂಕಿಯಲ್ಲಿ ಹುಟ್ಟಿ, ಬಹುಕಾಲ ಗಾಡಿಗಳ ಭಾರ ಹೊತ್ತೆ. ಸವೆದ ಮೇಲೆ ಕತ್ತರಿಸಿ ಗುಜರಿಗೆ ಹಾಕಿದರು. ಅಲ್ಲಿಂದ ನನ್ನನ್ನು ಎತ್ತಿ ತಂದವನು ದುರುಗಪ್ಪ, ಸ್ಟೇಷನ್ನಿನ ಹಿಂದಿರುವ ಸರ್ಕಾರಿ ಪ್ರೌಢಶಾಲೆಯ ಜವಾನ. ಬೇವಿನ ಕೊಂಬೆಗೆ ತಂತಿಯಿಂದ ತೂಗುಹಾಕಿ ಸುತ್ತಿಗೆಯಲ್ಲಿ ಹೊಡೆದ. ಅಂದಿನಿಂದ ನಾನು ಗಂಟೆಯಾದೆ.

ನನಗೆ ಮಾತು ಕಲಿಸಿದವನೂ ಅವನೇ. ಪರೀಕ್ಷೆ ಮುಗಿಯಲು ಹತ್ತು ನಿಮಿಷ ಇರುವಾಗ ಒಂದೇ ಏಟು: ಎಚ್ಚರಿಕೆ. ಮುಗಿದಾಗ ಬಿಡದೆ ಗಣಗಣ. ನಮ್ಮ ಶಾಲೆಯಲ್ಲಿ ಓದಿದವರಿಗೆಲ್ಲ ಇದು ಗೊತ್ತು.

ಹುಲಿಗೆಮ್ಮ ಇಲ್ಲೇ ಓದಿದವಳು. ಬಿ.ಎಡ್. ಮುಗಿಸಿ, ಹಗಲೆಲ್ಲ ಜೆರಾಕ್ಸ್ ಅಂಗಡಿಯಲ್ಲಿ ನಿಂತು, ಸಂಜೆ ನನ್ನ ಕೆಳಗೆ ಕೂತು ತಹಶೀಲ್ದಾರ್ ಹುದ್ದೆಯ ಪರೀಕ್ಷೆಗೆ ಓದುತ್ತಿದ್ದಳು. ಮನೆಯಲ್ಲಿ ಪುಸ್ತಕ ಬಿಚ್ಚುವಷ್ಟು ಜಾಗವಿರಲಿಲ್ಲ.

“ಬಾಯಾರ, ತಹಶೀಲ್ದಾರ ಖುರ್ಚಿ ಸಿಕ್ಕ ಮ್ಯಾಲೆ ನನ್ನ ಗುರ್ತು ಹಿಡೀತೀರಿಲ್ಲೊ?” ದುರುಗಪ್ಪ ಕೆಣಕುತ್ತಿದ್ದ.

“ಹಿಡೀತೀನಿ ಕಾಕಾ. ಮೊದಲ ನಿನ್ನ ಬೀಡಿ ಬಿಡಸ್ತೀನಿ.”

ವಯೋಮಿತಿಯ ಲೆಕ್ಕದಲ್ಲಿ ಅದು ಅವಳ ಕೊನೆಯ ಅವಕಾಶ. ಕೇಂದ್ರ ನಮ್ಮ ಶಾಲೆಯೇ ಬಿತ್ತು. ಅಭ್ಯರ್ಥಿಗಳ ಕೈಗಡಿಯಾರಗಳನ್ನು ಗೇಟಿನಲ್ಲೇ ಬಿಚ್ಚಿಸಿದರು. ಕೋಣೆಯ ಗಡಿಯಾರ ಕೆಟ್ಟು ನಿಂತಿತ್ತು. ಆ ದಿನ ಒಳಗಿದ್ದವರಿಗೆಲ್ಲ ನಾನೇ ಕಾಲ.

ದುರುಗಪ್ಪ ಒಂದು ಏಟು ಹೊಡೆದ. ಹುಲಿಗೆಮ್ಮನ ಕೋಣೆಗೆ ಬೇರೆ ಊರಿನಿಂದ ಬಂದಿದ್ದ ಮೇಲ್ವಿಚಾರಕ ಎದ್ದು ಉತ್ತರದ ಹಾಳೆಗಳನ್ನು ಕಸಿಯತೊಡಗಿದ. ಕಿಟಕಿಯಿಂದ ಅವಳ ದನಿ ಕೇಳಿತು.

“ಸರ್, ಇದು ಎಚ್ಚರಿಕಿ ಗಂಟಿರೀ! ಇನ್ನೂ ಟೈಮ್ ಐತಿ!”

“ನನಗ ಕಲಸ್ಲಿಕ್ಕೆ ಬರಬ್ಯಾಡ. ನಮ್ಮ ಸಾಲ್ಯಾಗ ಒಂದ ಹೊಡದ್ರ ಮುಗೀತು. ಕೊಡು.”

ಅವಳಿಗೆ ಉತ್ತರಗಳು ಗೊತ್ತಿದ್ದವು. ಹಾಳೆಯಲ್ಲಿ ಕಪ್ಪು ಮಾಡಬೇಕಿದ್ದ ಕೊನೆಯ ಸಾಲಿನ ವೃತ್ತಗಳು ಖಾಲಿ ಉಳಿದವು. ನಾನು ಗಣಗಣ ಕೂಗಿದಾಗ ಆತನ ಮುಖ ಇಳಿಯಿತು. ಆದರೆ ಲಕೋಟೆಗೆ ಅರಗು ಬಿದ್ದಾಗಿತ್ತು. ವರದಿಯಲ್ಲಿ ಬರೆದ: ಪರೀಕ್ಷೆ ಸುಗಮವಾಗಿ ನಡೆಯಿತು.

ಕೆಲವೇ ಅಂಕಗಳಿಂದ ಆಯ್ಕೆಪಟ್ಟಿ ಅವಳ ಕೈತಪ್ಪಿತು. ಅವಳು ನ್ಯಾಯಮಂಡಳಿಯ ಮೆಟ್ಟಿಲು ಹತ್ತಿದಳು. ಅವಳ ಕಡೆಯ ಒಬ್ಬ ಕಿರಿಯ ವಕೀಲ ಬಂದು ನನ್ನ ಫೋಟೋ ಹಿಡಿದ. ದುರುಗಪ್ಪ ಟವೆಲ್ಲಿನಿಂದ ನನ್ನ ಮೈ ಒರೆಸಿದ. “ಹಲ್ಲು ಬಿಡು, ಕೋರ್ಟಿಗೆ ಹೊಂಟಿ” ಎಂದ.

ಅವನೇ ಸಾಕ್ಷಿ ಹೇಳುವನೆಂದು ತಿಳಿದು ಹೆಡ್‌ಮಾಸ್ತರು ಮರದಡಿಗೆ ಬಂದರು. “ನಿವೃತ್ತಿ ಹತ್ರ ಬಂದೈತಿ, ದುರುಗಪ್ಪ. ಯಾಕ ಬೇಕೋ ನಿನಗ?”

“ಹೊಡದಾವ ನಾನ ಅಲ್ಲೇನ್ರೀ. ಎಷ್ಟ್ ಹೊಡದ್ನಿ ಅಂತ ಮತ್ಯಾರು ಹೇಳಬೇಕು?”

ಅವನು ಹೋಗಿ ಹೇಳಿಬಂದ. ನೇಮಕಾತಿ ಮಂಡಳಿಯ ವಕೀಲರು ಕೇಳಿದರಂತೆ: ಗಂಟೆ ಎಲ್ಲರಿಗೂ ಒಂದೇ, ಬೇರೆ ಕೋಣೆಯವರು ಯಾಕೆ ದೂರಲಿಲ್ಲ? ಬೇರೆ ಕೋಣೆಯಲ್ಲಿ ಯಾರೂ ಹಾಳೆ ಕಸಿಯಲಿಲ್ಲ ಸ್ವಾಮಿ, ಅದಕ್ಕೆ! ನನಗೆ ಬಾಯಿದ್ದರೆ ಅಲ್ಲೇ ಕೂಗುತ್ತಿದ್ದೆ. ಹತ್ತು ನಿಮಿಷ ಕೊಡಲಾಗದವರು ವಾಯಿದೆಯ ಮೇಲೆ ವಾಯಿದೆ ಪಡೆದರು. ಅಷ್ಟರಲ್ಲಿ ಪಟ್ಟಿಯಲ್ಲಿದ್ದವರು ತರಬೇತಿ ಮುಗಿಸಿ ಜೀಪು ಹತ್ತಿದರು.

ತೀರ್ಪು ಬಂದ ದಿನ ಹುಲಿಗೆಮ್ಮ ನನ್ನ ಕೆಳಗೆ ಬಂದು ಕೂತಳು.

“ತಪ್ಪು ಆಗಿದ್ದು ಖರೆ ಅಂತ ಬರದಾರ ಕಾಕಾ. ಆದ್ರ ಕೆಲಸಕ್ಕ ಸೇರಿದವರನ್ನ ಈಗ ಕದಲಸಂಗಿಲ್ಲಂತ. ನನಗ ವಯಸ್ಸೂ ಮುಗದೈತಂತ.”

ದುರುಗಪ್ಪ ಹಚ್ಚಿದ ಬೀಡಿಯನ್ನು ನೆಲಕ್ಕೆ ಒತ್ತಿ ಆರಿಸಿದ.

ಆ ವಯಸ್ಸನ್ನು ಮುಗಿಸಿದವರು ಯಾರು? ಈ ಪ್ರಶ್ನೆಗೆ ಯಾವ ಪೀಠವೂ ಉತ್ತರ ಬರೆಯಲಿಲ್ಲ.

ಈಗ ದುರುಗಪ್ಪ ನಿವೃತ್ತ. ಶಾಲೆಗೆ ಕರೆಂಟಿನ ಗಂಟೆ ಬಂದಿದೆ. ಎಚ್ಚರಿಕೆಗೂ ಮುಕ್ತಾಯಕ್ಕೂ ಒಂದೇ ಕಿರುಚು. ನಾನು ಮುರಿದ ಬೆಂಚುಗಳ ಜೊತೆ ವರಾಂಡದ ಮೂಲೆಯಲ್ಲಿ ತುಕ್ಕು ಹಿಡಿಯುತ್ತಿದ್ದೇನೆ. ಹುಲಿಗೆಮ್ಮ ಇಲ್ಲೇ ಅತಿಥಿ ಶಿಕ್ಷಕಿ.

ಮೊನ್ನೆ ಮತ್ತೊಂದು ನೇಮಕಾತಿ ಪರೀಕ್ಷೆ ನಡೆಯಿತು. ಅದೇ ಕೋಣೆ, ಅವಳೇ ಮೇಲ್ವಿಚಾರಕಿ. ಎಚ್ಚರಿಕೆಯ ಗಂಟೆ ಕಿರುಚಿತು. ಮುಗಿದೇ ಹೋಯಿತೆಂದು ಬೆದರಿ ಒಬ್ಬಳು ಹುಡುಗಿ ಎದ್ದು ನಿಂತಳು.

“ಕೂಡ್ರು ತಂಗಿ. ಇದು ಕಡೀ ಗಂಟಿ ಅಲ್ಲ. ಇನ್ನ ಹತ್ತು ನಿಮಿಷ ನಿಂದ ಐತಿ. ಬರಿ.”

ಇದನ್ನು ನ್ಯಾಯವೆಂದು ನಾನು ಕರೆಯಲಾರೆ. ಅವಳ ಪಾಲಿನದನ್ನು ಯಾರೂ ಹಿಂದಿರುಗಿಸಿಲ್ಲ. ಆದರೆ ಕೊನೆಯ ಗಂಟೆ ಆಗುವವರೆಗೂ ಒಂದು ಹಾಳೆಯೂ ಮೊದಲೇ ಹೊರಹೋಗದಂತೆ ಆ ಕೋಣೆಯ ಬಾಗಿಲಿಗೆ ಅಡ್ಡಲಾಗಿ ಅವಳು ನಿಂತೇ ಇದ್ದಳು.